ಗಾಜಿನ ಹಿಂದಿನ ಜೆಮಾನ್

ಶಿವಮೊಗ್ಗದ ಓದುಗರಿಗೆ ನಮಸ್ಕಾರ.

ಕಳೆದ ಸಂಚಿಕೆಯಲ್ಲಿ ಜೆಕ್ ನಿರ್ದೇಶಕ ಕಾರೆಲ್ ಜೆಮಾನ್ ಅವರನ್ನು ‘ಮನೆಮಂದಿಯ ಸಿನಿಮಾದವರು’ ಅಂತ ಒಂದೇ ಸಾಲಿನಲ್ಲಿ ಮುಗಿಸಿಬಿಟ್ಟಿರಲ್ಲ ಅಂತ ಬೇಜಾರು ಮಾಡಿಕೊಂಡಿದ್ದೀರಿ. ಕಂಪ್ಯೂಟರ್ ಡೈನೋಸಾರ್ ನೋಡಿ ಬೆಳೆದ ಮಗಳಿಗೆ ಅವರ ಹಳೇ ಚಿತ್ರ ಹಿಡಿಸುತ್ತಾ ಅಂತಲೂ ಕೇಳಿದ್ದೀರಿ. ಮೊದಲನೆಯದು ನಮ್ಮದೇ ತಪ್ಪು, ಒಪ್ಪಿದೆ. ಎರಡನೆಯದಕ್ಕೆ ಸ್ವಲ್ಪ ಉದ್ದವಾಗಿ ಹೇಳಬೇಕು.

1910ರಲ್ಲಿ ಹುಟ್ಟಿದ ಜೆಮಾನ್ ಮೊದಲು ಜಾಹೀರಾತಿನ ಕೆಲಸದಲ್ಲಿದ್ದರು, ಅಂಗಡಿಗಳ ಷೋಕೇಸ್ ಸಿಂಗರಿಸುತ್ತಿದ್ದರು. 1943ರಲ್ಲಿ ಜ್ಲೀನ್ ಊರಿನ ಸ್ಟುಡಿಯೋ ಸೇರಿದರು. ನಮ್ಮೂರಲ್ಲೂ ಕಾಲಿಗೆ ಹಾಕಿಕೊಳ್ಳುವ ಬಾಟಾ ಹುಟ್ಟಿದ್ದು ಅದೇ ಊರಲ್ಲಿ. ಆ ಷೋಕೇಸ್ ಕಣ್ಣು ಅವರನ್ನು ಕೊನೇವರೆಗೂ ಬಿಡಲಿಲ್ಲ ಅನ್ನೋದು ನನ್ನ ಲೆಕ್ಕ. ಕ್ಯಾಮೆರಾದ ಮುಂದೆ ಬಣ್ಣ ಬಳಿದ ಗಾಜು, ಆಚೆ ನಟರು, ಅದರಾಚೆ ಪುಟ್ಟ ಗೊಂಬೆ ಅಥವಾ ಬರೆದ ಪರದೆ, ಹೀಗೆ ಒಂದರ ಹಿಂದೊಂದು ಜೋಡಿಸಿಟ್ಟು ದೊಡ್ಡದೊಂದು ಲೋಕ ಕಾಣಿಸುತ್ತಿದ್ದರು. 1949ರಲ್ಲಿ ಗಾಜಿನ ಗೊಂಬೆಗಳನ್ನೇ ಕುಣಿಸಿದರು. ಗಾಜು ಎಲ್ಲಾದರೂ ಬಗ್ಗುತ್ತಾ, ಹೇಳಿ!

1958ರಲ್ಲಿ ಫ್ರೆಂಚ್ ಲೇಖಕ ಜೂಲ್ ವರ್ನ್ ಕಥೆಯನ್ನು ಸಿನಿಮಾ ಮಾಡುವಾಗ, ಹಳೇ ಪುಸ್ತಕಗಳ ಕೆತ್ತನೆ ಚಿತ್ರದ ಹಾಗೇ ಕಾಣಲಿ ಅಂತ ಸೆಟ್ಟಿನ ಮೇಲೆ, ಬಟ್ಟೆಗಳ ಮೇಲೂ ಗೆರೆ ಎಳೆಸಿದರು. ಮೋಸವನ್ನು ಮುಚ್ಚಿಡೋದಿಲ್ಲ, ಅದನ್ನೇ ಚಂದ ಮಾಡಿ ಎದುರಿಗಿಡುತ್ತಾರೆ. ಅದೇ ವರ್ಷ ಬ್ರಸೆಲ್ಸ್‌ನಲ್ಲಿ ಅದಕ್ಕೆ ದೊಡ್ಡ ಬಹುಮಾನವೂ ಬಂತು. 1964ರಲ್ಲಿ ಯುದ್ಧವನ್ನು ಗೇಲಿ ಮಾಡುವ ಚಿತ್ರ ತೆಗೆದರು, ಅದು ದೊಡ್ಡವರದ್ದೇ. 70ರ ದಶಕದಲ್ಲಿ ನಟರನ್ನು ಬಿಟ್ಟು ಕತ್ತರಿಸಿದ ಚಿತ್ರಗಳಲ್ಲೇ ಸಿಂದಬಾದನ ಕಥೆ ಹೇಳಿದರು. ಆಮೇಲಿನ ಮಾಟಗಾರನ ಗಿರಣಿಯ ಚಿತ್ರ ಮಗಳಿಗೆ ಈಗಲೇ ಬೇಡ, ರಾತ್ರಿ ನಿದ್ದೆ ಬರಲ್ಲ. ಕೊನೆಯ ದೊಡ್ಡ ಚಿತ್ರ 1980ರದ್ದು, 1989ರಲ್ಲಿ ತೀರಿಕೊಂಡರು.

ಮಗಳ ಜೊತೆ 1955ರ ‘ಜರ್ನಿ ಟು ದ ಬಿಗಿನಿಂಗ್ ಆಫ್ ಟೈಮ್’ ಚಿತ್ರದಿಂದ ಶುರು ಮಾಡಿ. ನಾಲ್ಕು ಹುಡುಗರು ದೋಣಿಯಲ್ಲಿ ಹೋಗುತ್ತಾರೆ, ಮುಂದೆ ಹೋದಷ್ಟೂ ಕಾಲ ಹಿಂದಕ್ಕೆ ಸರಿಯುತ್ತದೆ. ಇಷ್ಟಕ್ಕೆಲ್ಲ ಕಾರಣ, ಚಿಕ್ಕವನಿಗೆ ಸಿಕ್ಕ ಟ್ರೈಲೋಬೈಟ್ ಅನ್ನೋ ಆದಿಕಾಲದ ಸಮುದ್ರಜೀವಿಯ ಪಳೆಯುಳಿಕೆ. ಬದುಕಿರುವ ಒಂದನ್ನು ಅವನು ನೋಡಲೇಬೇಕು, ಅಷ್ಟೇ. ನಡುವೆ ‘ಇದು ಗೊಂಬೆ ಅಲ್ವಾ’ ಅಂತ ಅವಳು ಕೇಳಿದರೆ ಹೌದು ಅಂದುಬಿಡಿ. ಕಾದಾಡಿ ಸತ್ತ ಸ್ಟೆಗೊಸಾರಸ್ ಡೈನೋಸಾರ್ ಹತ್ತಿರ ಹುಡುಗರು ಹೋಗಿ ಅದರ ಮೈಮೇಲೆ ಹತ್ತುತ್ತಾರಲ್ಲ, ಆಗ ಇನ್ನೊಂದು ಸಲ ಏನು ಕೇಳುತ್ತಾಳೋ ನೋಡಿ, ನಮಗೂ ಬರೆಯಿರಿ.

- ಸಂ.