ಆಟದ ಕಟ್ಟಿ: ಔಟ್ ಆದವಗ ಯಾಕ ಚಪ್ಪಾಳಿ ಹೊಡದ್ರು?

ಪ್ರತಿ ಸಲ ಕ್ರಿಕೆಟ್ ಇಲ್ಲಾ ಕಬಡ್ಡಿ ಪ್ರಶ್ನೆನ ಬರ್ತಾವು, ಈ ಸಲ ಬಾದಾಮಿ ಮಾಸ್ತರೊಬ್ರು ಬೇಸ್‌ಬಾಲ್ ಬಗ್ಗೆ ಕೇಳ್ಯಾರ. ಆಫೀಸ್‌ನ್ಯಾಗ ಅದನ್ನ ಓದಿದ್ದ ತಡ ಉಳದವರೂ ಅದನ್ನ ಹಿಡಕೊಂಡು ಕೇಳಾಕ ಹತ್ತಿದ್ರು. ಬೆಳಗಾವ್ಯಾಗ ಮಳಿ ಬಿಟ್ಟೂಬಿಡದ ಹೊಡ್ಯಾಕತ್ತೈತಿ, ಗ್ರೌಂಡಿಗೆ ಹೋಗೂದಂತೂ ಇಲ್ಲ, ಹಂಗಾಗಿ ಕುಂತು ಉದ್ದಕ ಬರದೀನಿ.

ಪ್ರಶ್ನೆ: 2023ರ ಏಪ್ರಿಲ್‌ನಲ್ಲಿ ಮಗನ ಮನೆಗೆ ಪಿಟ್ಸ್‌ಬರ್ಗ್‌ಗೆ ಹೋಗಿದ್ದೆ. ಅವನು ಬೇಸ್‌ಬಾಲ್ ಮ್ಯಾಚಿಗೆ ಕರಕೊಂಡು ಹೋದ. ಒಬ್ಬ ಆಟಗಾರ ಬ್ಯಾಟ್ ಹಿಡಕೊಂಡು ಬಂದ ಕೂಡಲೆ ಇಡೀ ಸ್ಟೇಡಿಯಂ ಎದ್ದು ನಿಂತಿತು. ಅವನು ಔಟ್ ಆಗಿ ವಾಪಸ್ ಹೋದ, ಆದರೂ ಚಪ್ಪಾಳೆ! ಮಗ 'ಅವನು ಜರ್ನಿಮ್ಯಾನ್ ಅಪ್ಪಾ' ಅಂದ. ಹಂಗಂದರೆ ಏನು?
(ನಿವೃತ್ತ ಶಿಕ್ಷಕರು, ಬಾದಾಮಿ)

ಸರ, ನೀವು ನೋಡಿದ್ದು ಡ್ರೂ ಮ್ಯಾಗಿ ಅನ್ನೋ ಹುಡುಗನ್ನ. ಹೆಸರು ಓದಿ ನಗಬ್ಯಾಡ್ರಿ, ನೂಡಲ್ಸ್‌ಗೂ ಅವಗೂ ಸಂಬಂಧಿಲ್ಲ. ಹುಡುಗ ಅಂದ್ನಿ ಖರೆ, ಅವತ್ತ ಅವಗ 33 ವರ್ಷ. 2010ರಾಗ ಪಿಟ್ಸ್‌ಬರ್ಗ್ ಪೈರೇಟ್ಸ್ ಟೀಮಿನವರು ಡ್ರಾಫ್ಟ್‌ನ್ಯಾಗ, ಅಂದ್ರ ಹೊಸಾ ಆಟಗಾರರನ್ನ ಆರಿಸೋ ಸರದ್ಯಾಗ, ಆರಿಸಿಕೊಂಡಿದ್ರು, ಅಲ್ಲಿಂದ ಮುಂದ 13 ಸೀಸನ್ ಮೈನರ್ ಲೀಗ್‌ನ್ಯಾಗ, ಅಂದ್ರ ಕೆಳಗಿನ ಪಾವಟಿಗಿ ಮ್ಯಾಲ ಆಡಿದ. ಒಂದು ಕ್ಲಬ್ ಬಿಟ್ಟಿತು, ಇನ್ನೊಂದು ಕರೀತು, ಅದೂ ಬಿಟ್ಟಿತು, ಹಿಂಗ 1,100ಕ್ಕೂ ಜಾಸ್ತಿ ಮ್ಯಾಚು. 2021ರಾಗ ಮಿನ್ನೆಸೋಟಾ ಟ್ವಿನ್ಸ್ ಟೀಮಿನವರು ಒಮ್ಮಿ ಮ್ಯಾಲ, ಅಂದ್ರ ಎಲ್ಲಾಕ್ಕಿಂತ ದೊಡ್ಡ ಮೇಜರ್ ಲೀಗಿಗೆ, ಕರಕೊಂಡ್ರು, ಆದ್ರ ಬೆಂಚ್ ಮ್ಯಾಲ ಕುಂದ್ರಿಸಿ ಆಡಸಲಾರದ ವಾಪಸ್ ಕಳಿಸಿದ್ರು. ನನಗ ಕೇಳಿದ್ರ ಅದು ಕರೀದ ಇರೂದಕ್ಕಿಂತ ಕೆಟ್ಟದ್ದು. ಊಟಕ್ಕ ಕರದು ಎಲಿ ಹಾಕಿ ಬಡಸಲಾರದ ಎಬ್ಬಿಸಿದಂಗ. ಕಡೀಕ 2023ರ ಏಪ್ರಿಲ್ 26ಕ್ಕ, ಮೊದಲ ಆರಿಸಿದ್ದ ಅದ ಪಿಟ್ಸ್‌ಬರ್ಗ್ ಟೀಮಿನ್ಯಾಗ, ಎಂಟನೇ ಇನ್ನಿಂಗ್ಸ್‌ಗೆ ಬದಲಿ ಬ್ಯಾಟರ್ ಆಗಿ ಬಂದ. ಸ್ಟ್ರೈಕ್ ಔಟ್ ಆದ, ಅಂದ್ರ ಬಾಲ್ ಹೊಡೀಲಾರದ ಔಟ್ ಆದ. ಅಲ್ಲೆ ಕುಂತ ಮಂದಿಗೆ 13 ವರ್ಷದ ಲೆಕ್ಕ ಗೊತ್ತಿತ್ತು, ಅದಕ್ಕ ಎದ್ದು ನಿಂತ್ರು. ಮೂರು ದಿನಕ್ಕ ವಾಷಿಂಗ್ಟನ್‌ನ್ಯಾಗ ಮೊದಲನೆ ಹಿಟ್ (ಔಟ್ ಆಗಲಾರದ ಓಡಿ ಮುಟ್ಟೋ ಹೊಡತ) ಸುದ್ದಾ ಹೊಡದ, ಸ್ವಲ್ಪ ದಿನಕ್ಕ ಮತ್ತ ಕೆಳಗ ಹೋದ.

ಜರ್ನಿಮ್ಯಾನ್ ಅಂದ್ರ ಪ್ರಯಾಣ ಮಾಡಾವ ಅಂತ ಭಾಳ ಮಂದಿ ತಿಳಕೊಂಡಾರ. ಮೂಲದಾಗ ಅದು ದಿನದ ಲೆಕ್ಕದ ಕೂಲಿ ಮ್ಯಾಲ ದುಡಿಯೋ ಕಸಬುದಾರ ಅಂತ. ಕಲಿಯೋ ಹುಡುಗ ಅಲ್ಲ, ಮಾಲಕನೂ ಅಲ್ಲ, ಕೆಲಸ ಮಾತ್ರ ಪಕ್ಕಾ ಬರ್ತೈತಿ, ನಮ್ಮ ಕಡೆ ಗೌಂಡಿ ಇದ್ದಂಗ ಅನ್ರಿ. ನಿಮಗ ಇನ್ನೂ ಹತ್ರದ್ದು ಹೇಳ್ತೀನಿ, ಬನಶಂಕರಿ ಜಾತ್ರಿಗೆ ನಾಟಕ ಕಂಪನಿ ಬಂದು ಟೆಂಟ್ ಹಾಕ್ತಾವಲ್ರಿ, ಪ್ರತಿ ಕಂಪನ್ಯಾಗೂ ಒಬ್ಬ ಇರ್ತಾನ, ಪೋಸ್ಟರ್ ಮ್ಯಾಲ ಅವನ ಫೋಟೋ ಇರೂದಿಲ್ಲ, ಆದ್ರ ಖಳನಾಯಕಗ ಜ್ವರ ಬಂದ್ರ ಇವನ ಖಳನಾಯಕ, ನಾಳೆ ಗೌಡ, ನಾಡದು ಡಾಕ್ಟರ್, ಮಾಸ್ತರ ಬರಲಿಲ್ಲಂದ್ರ ಪೇಟಿನೂ ಬಾರಸ್ತಾನ. ಮುಂದಿನ ವರ್ಷ ನೋಡಿದ್ರ ಬ್ಯಾರೆ ಕಂಪನಿ ಟೆಂಟಿನ್ಯಾಗ ಇರ್ತಾನ. ಮಾಲಕ ಬಿಟ್ಟ ಅಂತ ಮಂದಿ ಆಡಿಕೋತಾರ, ಇನ್ನೊಬ್ಬ ಮಾಲಕ ಯಾಕ ಕರಕೊಂಡ ಅಂತ ಮಾತ್ರ ಯಾರೂ ಕೇಳೂದಿಲ್ಲ.

ಪ್ರಶ್ನೆ: ನಾನು ಕಾಲೇಜ್ ಟೀಮಿನಾಗ ಕ್ರಿಕೆಟ್ ಆಡ್ತೀನಿ. ಬೇಸ್‌ಬಾಲ್‌ನ್ಯಾಗ ಇನ್‌ಫೀಲ್ಡರ್ ಅಂದ್ರ ನಮ್ಮ ಸರ್ಕಲ್ ಒಳಗ ನಿಂದ್ರೋ ಫೀಲ್ಡರ್ ಇದ್ದಂಗ ಏನ್ರಿ? ಮತ್ತ ಜರ್ನಿಮ್ಯಾನ್ ಆಟಗಾರರನ್ನ ಒಂದ್ ಟೀಮಿಂದ ಇನ್ನೊಂದಕ್ಕ ಯಾಕ ಒಗಿತಾರ?
(ವಿದ್ಯಾರ್ಥಿನಿ, ವಿಜಯಪುರ)

ಹತ್ರ ಹತ್ರ ಹಂಗ ತಂಗಿ, ಆದ್ರ ಇಲ್ಲೆ ಟೈಮ್ ಇಲ್ಲ. ಬೇಸ್ ಅಂದ್ರ ಬ್ಯಾಟರ್ ಓಡಿ ಮುಟ್ಟೋ ಗುರ್ತಿನ ಜಾಗ. ಫಸ್ಟ್ ಬೇಸ್, ಸೆಕೆಂಡ್ ಬೇಸ್, ಥರ್ಡ್ ಬೇಸ್, ಮತ್ತ ಸೆಕೆಂಡ್‌ಗೂ ಥರ್ಡ್‌ಗೂ ನಡಬರಕ ನಿಂದ್ರೋ ಶಾರ್ಟ್‌ಸ್ಟಾಪ್, ಈ ನಾಕು ಮಂದಿ ಇನ್‌ಫೀಲ್ಡರು. ಒಂದು ಬೇಸಿಂದ ಇನ್ನೊಂದಕ್ಕ 90 ಅಡಿ. ಬ್ಯಾಟರ್ ಹೊಡದು ಓಡಿದ ಅಂದ್ರ ನಾಕು ನಾಕೂವರಿ ಸೆಕೆಂಡಿನ್ಯಾಗ ಫಸ್ಟ್ ಬೇಸ್ ಮುಟ್ತಾನ. ಅಷ್ಟರಾಗ ಶಾರ್ಟ್‌ಸ್ಟಾಪ್ ಏನ ಮಾಡ್ಬೇಕಂದ್ರ, ನೆಲ ಹಿಡದು ಬರೋ ಬಾಲ್ ಕಡೆ ಓಡಬೇಕು, ಕುಂಡಿ ಕೆಳಗ ಮಾಡಿ ಗ್ಲೌಸ್ ನೆಲಕ್ಕ ಹಚ್ಚಬೇಕು, ಗ್ಲೌಸಿಂದ ಬಾಲ್ ಬಲಗೈಗೆ ಬರಬೇಕು, ಬೆರಳು ಹೊಲಿಗಿ ಮ್ಯಾಲ ಕುಂದರಬೇಕು, ಆಮ್ಯಾಲ 120 ಅಡಿ ಸನೇಕ ದೂರ ಒಗೀಬೇಕು. ಕ್ರಿಕೆಟ್‌ನ್ಯಾಗ ಕೈ ಜಾರಿದ್ರ ಹಾಳಾಗಿ ಹೋಗ್ಲಿ ಒಂದು ರನ್ ಅಂತೀವಿ, ಇಲ್ಲೆ ಗ್ಲೌಸ್‌ನ್ಯಾಗ ಬಾಲ್ ಒಂದ್ ಸಲ ತಡವರಿಸ್ತು ಅಂದ್ರ ಬ್ಯಾಟರ್ ಮುಟ್ಟಿಬಿಟ್ಟಿರ್ತಾನ.

ಗ್ಲೌಸ್‌ನ್ಯಾಗೂ ಫರಕ್ ಐತಿ. ಸೆಕೆಂಡ್ ಬೇಸ್, ಶಾರ್ಟ್‌ಸ್ಟಾಪ್‌ನವರ ಗ್ಲೌಸ್ ಸಣ್ಣದು, ಅದರ ಕಿಸೆ ಆಳ ಇರೂದಿಲ್ಲ, ಯಾಕಂದ್ರ ಬಾಲ್ ಪಟ್ನ ಕೈಗೆ ಸಿಗಬೇಕು. ಫಸ್ಟ್ ಬೇಸ್‌ನವಂದು ಉದ್ದ, ಬೆರಳ ಬಿಡಿಬಿಡಿ ಇಲ್ಲದ್ದು. ಎಲ್ಲಾ ಕಡೆ ನಿಂದ್ರೂ ಆಟಗಾರನ ಬ್ಯಾಗಿನ್ಯಾಗ ಎರಡು ಮೂರು ಥರದ ಗ್ಲೌಸ್ ಇರ್ತಾವು, ಚರ್ಮ ಮೆತ್ತಗಾಗಾಕ ಎಣ್ಣಿ ಸವರಿ ಸವರಿ ಪಳಗಿಸಿದವು.

ಇನ್ನ ಒಗಿಯೋ ಮಾತು. ಮೇಜರ್ ಲೀಗ್ ಟೀಮಿನ್ಯಾಗ 26 ಮಂದಿ, ಅದರಾಗ ಪಿಚರ್, ಅಂದ್ರ ನಮ್ಮ ಬೌಲರ್ ಇದ್ದಂಗ ಬಾಲ್ ಒಗಿಯೋರು, 13ರ ತನಕ. ಉಳದವರು 13, ದಿನಾ ಬ್ಯಾಟ್ ಮಾಡವರು 9 ಮಂದಿ, ಬೆಂಚಿಗೆ ನಾಕ ಮಂದಿ ಉಳೀತಾರ, ಅದರಾಗ ಒಬ್ಬ ಎರಡನೆ ಕ್ಯಾಚರ್ (ನಮ್ಮ ಕೀಪರ್ ಇದ್ದಂಗ) ಬೇಕ ಬೇಕು. ಅಂದ್ರ ಮೂರ ಜಾಗ! ಅಲ್ಲೆ ಇನ್‌ಫೀಲ್ಡಿನ ನಾಕೂ ಕಡೆ ನಿಂದ್ರಬಲ್ಲ ಒಬ್ಬ ಇದ್ರ ಮ್ಯಾನೇಜರ್‌ಗ ರಾತ್ರಿ ನಿದ್ದಿ ಹತ್ತತೈತಿ, ಅದಕ್ಕ ಅಂಥವನ್ನ ಕರೀತಾರ. ಆದ್ರ ಗಾಯ ಆಗಿದ್ದ ದೊಡ್ಡ ಆಟಗಾರ ವಾಪಸ್ ಬಂದ ದಿನ ಮೊದಲ ಕೈ ಬಿಡೂದೂ ಇವನ್ನ. ಲಿಸ್ಟಿಂದ ತಗದ್ರ ಏಳು ದಿನದಾಗ ಬ್ಯಾರೆ ಟೀಮಿಗೆ ಕೊಡಬೇಕು, ಇಲ್ಲಾ ಉಳದ ಟೀಮಿನವರು ಒಯ್ತೀರೇನು ಅಂತ ಕೇಳಬೇಕು, ಯಾರೂ ಬ್ಯಾಡಂದ್ರ ಕೆಳಗಿನ ಲೀಗು ಇಲ್ಲಾ ಮನಿ. ಆ ಏಳು ದಿನ ಅವನ ಮನ್ಯಾಗ ಸಾಮಾನ ಕಟ್ಟಬೇಕೋ ಬ್ಯಾಡೋ ಅನ್ನೂದ ಗೊತ್ತಿರೂದಿಲ್ಲ, ಬಾಡಿಗಿ ಮನಿ, ಮಕ್ಕಳ ಸಾಲಿ, ಎಲ್ಲಾ ತೂಗ್ಯಾಡಾಕ ಹತ್ತಿರ್ತಾವು.

ಪ್ರಶ್ನೆ: ಒಂದೇ ದಿನ ಎರಡು ಟೀಮಿಗೆ ಆಡಿದವ ಒಬ್ಬ ಇದ್ದಾನಂತಲ್ಲ, ಖರೆ ಏನ್ರಿ ಇಲ್ಲಾ ಪುಂಗೀನೋ?
(ಖಾನಾಪುರ ರೋಡ್, ಬೆಳಗಾವಿ)

ಖರೆನ್ರೀಪಾ. ಜೋಯೆಲ್ ಯಂಗ್‌ಬ್ಲಡ್, 1982ರ ಆಗಸ್ಟ್ 4. ಇನ್‌ಫೀಲ್ಡು ಔಟ್‌ಫೀಲ್ಡು ಎರಡೂ ಆಡಾವ. ಮಧ್ಯಾಹ್ನ ಶಿಕಾಗೋದಾಗ ನ್ಯೂಯಾರ್ಕ್ ಮೆಟ್ಸ್ ಟೀಮಿನ ಕಡಿಂದ ಹಿಟ್ ಹೊಡದ, ಮ್ಯಾಚ್ ನಡದಾಗ ಕರದು ನಿನ್ನ ಮಾಂಟ್ರಿಯಲ್ ಎಕ್ಸ್‌ಪೋಸ್‌ಗೆ ಕೊಟ್ಟೀವಿ ಅಂದ್ರು. ಅವಸರದಾಗ ಗ್ಲೌಸ್ ಬಿಟ್ಟು ಹೋಗಿದ್ದ, ಅದಕ್ಕಂತ ವಾಪಸ್ ಬಂದು ತಗೊಂಡು ವಿಮಾನ ಹತ್ತಿ ಫಿಲಡೆಲ್ಫಿಯಾ ಮುಟ್ಟಿ ರಾತ್ರಿ ಮ್ಯಾಚಿನ್ಯಾಗ ಅಲ್ಲೂ ಹಿಟ್ ಹೊಡದ. ಶಿಕಾಗೋದ ಆ ಗ್ರೌಂಡಿಗೆ 1988ರ ತನಕ ಲೈಟ್ ಇರಲಿಲ್ಲ, ಹಗಲಮ್ಯಾಚ್ ಇದ್ದಿದ್ದಕ್ಕ ಇದೆಲ್ಲಾ ಜಮಾಸ್ತು. ಅವತ್ತ ಎದುರಿಗಿದ್ದ ಪಿಚರ್‌ಗಳು ಫರ್ಗಿ ಜೆಂಕಿನ್ಸ್, ಸ್ಟೀವ್ ಕಾರ್ಲ್ಟನ್, ಇಬ್ಬರೂ ಹಾಲ್ ಆಫ್ ಫೇಮ್, ಅಂದ್ರ ಬೇಸ್‌ಬಾಲ್ ದಿಗ್ಗಜರ ಪಟ್ಟಿ, ಸೇರಿದ ಮಂದಿ, ಅಡ್ಡಾದಿಡ್ಡಿ ಹಿಟ್ ಅಲ್ಲ ಅವು.

ನನಗ ಇನ್ನೂ ಸೇರಾವ ಟಾಡ್ ಝೈಲ್. ಕ್ಯಾಚರ್ ಆಗಿ ಬಂದವನ್ನ ಥರ್ಡ್ ಬೇಸ್‌ಗೆ ನಿಂದ್ರಿಸಿದ್ರು, 1998 ಒಂದ ವರ್ಷದಾಗ ಮೂರು ಟೀಮು ನೋಡಿದ. 11 ಬ್ಯಾರೆ ಬ್ಯಾರೆ ಟೀಮಿಗೆ ಹೋಮ್ ರನ್ (ನಮ್ಮ ಸಿಕ್ಸರ್ ಇದ್ದಂಗ) ಹೊಡದಾನ, ಅದು ದಾಖಲೆ. 2004ರಾಗ ಆಟ ಬಿಟ್ಟಾಗ ಒಟ್ಟು ಹಿಟ್ ಸುದ್ದಾ 2,004! ಕಡೀ ಮ್ಯಾಚಿಗೆ ಮತ್ತ ಕ್ಯಾಚರ್ ಆಗಿ ನಿಂತು, ಕಡೀ ಸಲ ಬ್ಯಾಟ್ ಹಿಡದಾಗ ಹೋಮ್ ರನ್ ಹೊಡದು ಮನಿಗೆ ಹೋದ.

ಪ್ರಶ್ನೆ: ಮಗಗ 23. ಡಿಗ್ರಿ ಆಗೈತಿ, ಕಬಡ್ಡಿ ಬಿಟ್ಟು ಏನೂ ಬ್ಯಾಡ ಅಂತಾನ. ಇವತ್ತ ಈ ಊರ ಟೀಮು, ನಾಳೆ ಆ ಊರ ಟೀಮು. ನೌಕರಿ ನೋಡು ಅಂದ್ರ ಸಿಟ್ಟಾಗ್ತಾನ. ಬಿಡಸಲೇನು? ಈಗೀಗ ಸ್ವಲ್ಪ ಕುಂಟತಾನ.
(ತಂದಿ, ಮುಧೋಳ)

ಯಜಮಾನ್ರ, ಮ್ಯಾಗಿ ಕಥಿ ಬರದಾವ್ನ ನಾನ, ಹಂಗಂತ ನಿಮ್ಮ ಮಗಗ 13 ವರ್ಷ ಕಾಯಿ ಅನ್ನಾಂವಲ್ಲ. ಅಲ್ಲಿದು ಲೆಕ್ಕ ಬ್ಯಾರೆ. 2023ರಾಗ ಮೈನರ್ ಲೀಗಿನ ಡಬಲ್-ಎ ಅನ್ನೋ ಪಾವಟಿಗಿ ಆಟಗಾರಗ ವರ್ಷಕ್ಕ ಕಮ್ಮಿ ಅಂದ್ರ 30,250 ಡಾಲರ್ ಪಗಾರ, ಮೇಜರ್ ಲೀಗ್‌ನ್ಯಾಗ ಕಮ್ಮಿ ಅಂದ್ರ 7,20,000. ಅಂದ್ರ ಎಂಟು ದಿನ ಮ್ಯಾಲ ಕುಂತು ಬಂದ್ರ ಕೆಳಗಿನ ಒಂದು ವರ್ಷದ ಪಗಾರ ಬರ್ತೈತಿ, 43 ದಿನ ಇದ್ರ ಮುಂದ ವಯಸ್ಸಾದ ಮ್ಯಾಲ ಪಿಂಚಣಿಗೂ ಹಕ್ಕು. ಅದಕ್ಕ ಅಲ್ಲೆ ಕಾಯೂದ್ರಾಗ ಒಂದು ಅರ್ಥ ಐತಿ. ನಮ್ಮಲ್ಲೆ? ನಾನೂ ನಿಮ್ಮ ಮಗನ ವಯಸ್ಸಿನ್ಯಾಗ ಯಾರ ಕರದ್ರ ಅವರ ಟೀಮಿಗೆ ಹೋಗಿ ಆಡಾವ. ಅಥಣಿ ಕಡೆ ಒಂದು ಊರಾಗ ಫೈನಲ್ ಗೆದ್ವಿ, ಕಮಿಟಿಯವರು ಡಾಲ್ ಕೈಯಾಗ ಕೊಟ್ಟು ಫೋಟೋ ಹೊಡಿಸಿಕೊಂಡ್ರು, ರೊಕ್ಕ ಸೋಮವಾರ ಕಳಸ್ತೀವಿ ಅಂದ್ರು. ಸಾಲಿ ಪಡಸಾಲ್ಯಾಗ ಮಲಗಿ ನಸಕಿನ ಬಸ್ಸಿಗೆ ಬಂದ್ವಿ, ಟಿಕೀಟ್ ರೊಕ್ಕಾನೂ ನಮ್ಮವ. ಆ ಸೋಮವಾರ ಇನ್ನೂ ಬಂದಿಲ್ಲ.

ಹಂಗಾಗಿ ಬಿಡಸಬ್ಯಾಡ್ರಿ, ಲೆಕ್ಕ ಬರಸ್ರಿ. ಒಂದು ನೋಟ್‌ಬುಕ್ ಕೊಡ್ರಿ, ಯಾವ ಊರಿಗೆ ಹೋದ, ಯಾರು ಕರದ್ರು, ಬಂದಿದ್ದೆಷ್ಟು, ಖರ್ಚೆಷ್ಟು, ಒಮ್ಮಿ ಕರದವರು ಮತ್ತ ಕರದ್ರೋ ಇಲ್ಲೋ. ಆರು ತಿಂಗಳಾದ ಮ್ಯಾಲ ನೀವು ಏನೂ ಹೇಳೂದು ಬ್ಯಾಡ, ಅವನ ನೋಡ್ಕೋತಾನ. ರೈಲ್ವೆ ಸ್ಪೋರ್ಟ್ಸ್ ಕೋಟಾಕ್ಕ 25ರ ತನಕ ಅಷ್ಟ ವಯಸ್ಸು, ಎರಡು ವರ್ಷ ಕೈಯಾಗ ಐತಿ, ಸರ್ಟಿಫಿಕೇಟ್ ಏನೇನ ಅದಾವ ಜೋಡಸಾಕ ಹಚ್ಚರಿ. ಪಟಿಯಾಲಾದ ಎನ್‌ಐಎಸ್ (ಕ್ರೀಡಾ ತರಬೇತಿ ಸಂಸ್ಥೆ) ದವರದು ಆರು ವಾರದ ಕೋಚಿಂಗ್ ಕೋರ್ಸ್ ಇರ್ತೈತಿ, ಅದರದೂ ವಿಚಾರ ಮಾಡಲಿ.

ಮತ್ತ ಆ ಕುಂಟೂದು ಪತ್ರದ ಕೊನಿಗೆ ಬರದೀರಲ್ಲ, ಅದನ್ನ ಮೊದಲ ಬರೀಬೇಕಿತ್ತು. ಈ ವಾರನ ಎಲುಬು-ಕೀಲಿನ ಡಾಕ್ಟರ್‌ಗ ತೋರಸ್ರಿ, ಅಲ್ಲೀತನಕ ಮ್ಯಾಟ್ ಮ್ಯಾಲ ಕಾಲ ಇಡಬ್ಯಾಡ ಅಂತ ಹೇಳ್ರಿ. ಬೈದ್ರ ಬೈಲಿ.