ಮಗಳ ಮದುವೆ ನೋಟಿಸು ಬೋರ್ಡಿಗೆ ಬಿದ್ದಿದೆ, ತಡೆಯಬಹುದಾ?

ಪ್ರಶ್ನೆ: ನಾನು ಹಾವೇರಿ ಜಿಲ್ಲೆಯ ನಿವೃತ್ತ ಶಾಲಾ ಮೇಷ್ಟ್ರು. ಮಗಳಿಗೆ 26 ವರ್ಷ. ಹುಬ್ಬಳ್ಳಿಯಲ್ಲಿ ಕೆಲಸ, ಪಿ.ಜಿ.ಯಲ್ಲಿ ವಾಸ. ಜೊತೆಗೆ ಕೆಲಸ ಮಾಡುವ ಮುಸ್ಲಿಂ ಹುಡುಗನನ್ನು ಮದುವೆಯಾಗಲು ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ನೋಟಿಸು ಕೊಟ್ಟಿದ್ದಾಳೆ. ನನ್ನ ಹೆಂಡತಿಯ ತಮ್ಮ ಅದರ ಫೋಟೋ ತೆಗೆದು ಮನೆಯವರ ವಾಟ್ಸಾಪ್ ಗ್ರೂಪಿಗೆ ಹಾಕಿದ್ದಾನೆ. ‘ಕಾಣೆಯಾಗಿದ್ದಾಳೆ ಅಂತ ಕಂಪ್ಲೇಂಟ್ ಕೊಡಿ, ಕರ್ಕೊಂಡು ಬಂದು ಮನೇಲಿ ಕೂರಿಸೋಣ’ ಎನ್ನುತ್ತಾನೆ. ಕಳೆದ ಭಾನುವಾರ ಅವಳು ಬಂದಾಗ ನಾನು ಮಾತಾಡಲಿಲ್ಲ. ಅವಳಮ್ಮ ಕಟ್ಟಿಕೊಟ್ಟ ರೊಟ್ಟಿ ಗಂಟನ್ನು ಕಟ್ಟೆ ಮೇಲೇ ಬಿಟ್ಟು ಹೋದಳು. ನಾನೇನು ಮಾಡಲಿ?

ಉತ್ತರ: ಮೇಷ್ಟ್ರೇ, ಮೊದಲು ಆ ಕಂಪ್ಲೇಂಟಿನ ಮಾತು ಬಿಡಿ. ಕಾಣೆಯಾದವಳು ಭಾನುವಾರ ಮನೆಗೆ ಬರುತ್ತಾಳಾ? ಗೊತ್ತಿದ್ದೂ ಪೊಲೀಸರಿಗೆ ಸುಳ್ಳು ಹೇಳಿದರೆ ಅಪರಾಧ ನಿಮ್ಮದೇ ಆಗುತ್ತದೆ.

ಬೆಳಗಾವಿ ಜಿಲ್ಲೆಯ ಮುರಗೋಡ ಠಾಣೆಯಲ್ಲಿ ಹೀಗೇ ಒಂದು ಆಗಿತ್ತು. ಅದು ಅಂತರ್ಜಾತಿ ಮದುವೆ. ಅಪ್ಪ ಕಾಣೆ ದೂರು ಕೊಟ್ಟರು. ಮದುವೆಯಾಗಿದ್ದೇನೆ ಎಂದು ಮಗಳು ತಿಳಿಸಿದರೂ ತನಿಖಾಧಿಕಾರಿ ಠಾಣೆಗೇ ಬರಬೇಕೆಂದು ಪಟ್ಟು ಹಿಡಿದರು. 2021ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಆ ಎಫ್‌ಐಆರನ್ನೇ ರದ್ದು ಮಾಡಿತು. ಇಬ್ಬರು ವಯಸ್ಕರು ಒಪ್ಪಿದ ಮೇಲೆ ಮನೆಯವರದ್ದಾಗಲಿ, ಸಮುದಾಯದ್ದಾಗಲಿ ಒಪ್ಪಿಗೆ ಬೇಕಿಲ್ಲ ಎಂದಿತು.

ಮನೆಯಲ್ಲಿ ಕೂರಿಸುವುದು ಇನ್ನೂ ಕೆಟ್ಟ ಯೋಚನೆ. ಹುಡುಗ ಹೈಕೋರ್ಟಿಗೆ ಹೇಬಿಯಸ್ ಕಾರ್ಪಸ್ ಅರ್ಜಿ (ಅಕ್ರಮವಾಗಿ ಕೂಡಿಹಾಕಿದವರನ್ನು ಕೋರ್ಟಿನ ಮುಂದೆ ತರಿಸುವ ಅರ್ಜಿ) ಹಾಕುತ್ತಾನೆ, ನಿಮ್ಮ ಮಗಳನ್ನು ಹಾಜರುಪಡಿಸಬೇಕಾಗುತ್ತದೆ. ಎಲ್ಲಿಗೆ ಹೋಗಬೇಕೆಂದು ಜಡ್ಜ್ ಅವಳನ್ನೇ ಕೇಳುತ್ತಾರೆ, ನಿಮ್ಮನ್ನಲ್ಲ. ಕೇರಳದ ಯುವತಿಯೊಬ್ಬಳ ಮದುವೆಯನ್ನು ಅಲ್ಲಿನ ಹೈಕೋರ್ಟ್ 2017ರಲ್ಲಿ ರದ್ದು ಮಾಡಿ ಅವಳನ್ನು ಅಪ್ಪನ ಸುಪರ್ದಿಗೆ ಕೊಟ್ಟಿತ್ತು. 2018ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪನ್ನು ತಳ್ಳಿಹಾಕಿತು.

ಇನ್ನು ಆಕ್ಷೇಪಣೆ. ನಿಮ್ಮ ಮಗಳು ನೋಟಿಸು ಕೊಟ್ಟಿರುವುದು 1954ರ ವಿಶೇಷ ವಿವಾಹ ಕಾಯ್ದೆಯಡಿ. ಅದರಲ್ಲಿ ಆಕ್ಷೇಪಣೆಗೆ 30 ದಿನ ಅವಕಾಶವಿದೆ, ಯಾರು ಬೇಕಾದರೂ ಸಲ್ಲಿಸಬಹುದು. ಆದರೆ ಕಾರಣ ಬೇಕಲ್ಲ? ಮೊದಲ ಸಂಗಾತಿ ಬದುಕಿರಬೇಕು, ಇಲ್ಲವೇ ಹುಡುಗನಿಗೆ 21, ಹುಡುಗಿಗೆ 18 ತುಂಬಿರಬಾರದು, ಇಲ್ಲವೇ ಹತ್ತಿರದ ನಿಷಿದ್ಧ ಸಂಬಂಧವಾಗಿರಬೇಕು, ಇಲ್ಲವೇ ಸಮ್ಮತಿ ಕೊಡುವ ಮನಃಸ್ಥಿತಿ ಇರಬಾರದು. ‘ಬೇರೆ ಧರ್ಮ’ ಅನ್ನುವ ಕಾರಣವೇ ಅಲ್ಲಿಲ್ಲ. ಸುಮ್ನೆ ತಕರಾರು ಹಾಕಿದವರಿಂದ ಅಧಿಕಾರಿ ಸಾವಿರ ರೂಪಾಯಿವರೆಗೆ ಖರ್ಚು ವಸೂಲಿ ಮಾಡಬಹುದು. (ಸಾವಿರ ದೊಡ್ಡದಲ್ಲ. ಊರಲ್ಲಿ ಹೋಗುವ ಮರ್ಯಾದೆ ಜಾಸ್ತಿ.)

ನೀವು ಬರೆದಿಲ್ಲ, ಆದರೂ ‘ಅವಳು ಮತಾಂತರವಾಗಬೇಕಾ’ ಎಂಬ ಭಯ ಇದ್ದೇ ಇರುತ್ತದೆ ಅಲ್ವಾ? ಈ ಕಾಯ್ದೆಯಲ್ಲಿ ಯಾರೂ ಧರ್ಮ ಬದಲಿಸಬೇಕಿಲ್ಲ. ಓಡಿಹೋಗದೆ, ಬೋರ್ಡಿನ ಮೇಲೆ ತನ್ನ ಹೆಸರು ಹಾಕಿಸಿಕೊಂಡು 30 ದಿನ ಕಾಯುತ್ತಿದ್ದಾಳೆ. ಅದರ ನಡುವೆಯೇ ಬಸ್ ಹತ್ತಿ ನಿಮ್ಮನ್ನು ನೋಡಲು ಬಂದಳು. ನೀವು ಮುಖ ತಿರುಗಿಸಿದಿರಿ. ನನಗಂತೂ ಇಡೀ ಪತ್ರದಲ್ಲಿ ಆ ರೊಟ್ಟಿ ಗಂಟೇ ಕಾಡಿತು.

ಈ ಮದುವೆಯನ್ನು ನೀವು ಇಷ್ಟಪಡಲೇಬೇಕೆಂದು ನಾನು ಹೇಳುವುದಿಲ್ಲ. ಅಸಮಾಧಾನ ಇದ್ದರೆ ಅವಳ ಮುಂದೆಯೇ ಹೇಳಿ. ಹುಡುಗನನ್ನು ಒಮ್ಮೆ ಕರೆಸಿ ಮಾತಾಡಿಸಿ, ಬಾಡಿಗೆ, ಸಂಬಳ, ಹಬ್ಬ, ಮುಂದೆ ಮಕ್ಕಳಿಗೆ ಹೆಸರು, ಎಲ್ಲವನ್ನೂ ಕೇಳಿ. ಕೇಳುವ ಹಕ್ಕು ಅಪ್ಪನಿಗೆ ಖಂಡಿತ ಇದೆ. ಉತ್ತರ ಹಿಡಿಸದಿದ್ದರೆ ತಡೆಯುವ ಹಕ್ಕು ಮಾತ್ರ ಇಲ್ಲ. ಮದುವೆ ದಿನ ಮೂವರು ಸಾಕ್ಷಿಗಳು ಸಹಿ ಹಾಕಬೇಕು. ಅದರಲ್ಲಿ ನಿಮ್ಮ ಸಹಿ ಇರಬೇಕೋ ಬೇಡವೋ ನಿಧಾನ ಯೋಚಿಸಿ.

ನಿಧಾನ ಮಾಡಬಾರದ್ದು ಒಂದಿದೆ. ಆ ನೋಟಿಸಿನಲ್ಲಿ ಅವಳ ವಿಳಾಸವೂ ಇದೆ. ಗ್ರೂಪಿನಿಂದ ಅದು ಎಲ್ಲಿಗೆ ಬೇಕಾದರೂ ಹೋಗಬಹುದು. ಅವಳನ್ನು ಯಾರಾದರೂ ಬೆದರಿಸಿದರೆ ನೀವೇ ಅವಳ ಜೊತೆ ಠಾಣೆಗೆ ಹೋಗಿ. ನಿಮ್ಮ ಹೆಂಡತಿಯ ತಮ್ಮನಿಗೆ ಈಗಲೇ ಫೋನ್ ಮಾಡಿ, ಆ ಫೋಟೋ ತೆಗೆಸಿ. ಆಮೇಲಿನ ಫೋನು ಹುಬ್ಬಳ್ಳಿಗೆ: ಈ ಭಾನುವಾರ ಬರ್ತೀಯಾ ಅಂತ ಕೇಳಿ.