ಭಾವ ನಕ್ಕರು, ನಿದ್ದೆ ಹೋಯಿತು

ಪ್ರಶ್ನೆ: ನನಗೆ 51 ವರ್ಷ. ದುಬೈಯಲ್ಲಿ 17 ವರ್ಷ ಅಕೌಂಟ್ಸ್ ಕೆಲಸ ಮಾಡಿದೆ. ರಜೆ ಸಿಕ್ಕಾಗಲೆಲ್ಲ ಜಾಹೀರಾತು, ಶೂಟಿಂಗಿಗೆ ಬರುತ್ತಿದ್ದ ವಿದೇಶಿ ಸೀರಿಯಲ್, ಸಿನಿಮಾಗಳಲ್ಲಿ ನಟಿಸುತ್ತಿದ್ದೆ. ಟ್ಯಾಕ್ಸಿ ಡ್ರೈವರ್, ವಾಚ್‌ಮನ್, ಅಂಗಡಿಯವ, ಇಂಥವೇ. ಒಂದು ಪಾತ್ರಕ್ಕೂ ಹೆಸರಿರಲಿಲ್ಲ. ಕಳೆದ ವರ್ಷ ಊರಿಗೆ ಬಂದೆ. ಈಗ ತುಳು ಸಿನಿಮಾವೊಂದರಲ್ಲಿ ನಾಯಕಿಯ ಸೋದರಮಾವನ ಪಾತ್ರಕ್ಕೆ ಕರೆದಿದ್ದಾರೆ. ಒಂಬತ್ತು ದಿನದ ಕೆಲಸ. "ಫಾರಿನ್ನಲ್ಲಿ ಅಷ್ಟು ವರ್ಷ ಮಾಡಿ ಇಲ್ಲೂ ಸೈಡ್ ರೋಲಾ?" ಎಂದು ಭಾವ ನಕ್ಕರು. ನಿದ್ದೆ ಬರುತ್ತಿಲ್ಲ. ಒಪ್ಪಲೇ, ಬಿಡಲೇ?
– ಹೆಸರು ಬೇಡ, ಉಡುಪಿ

ಉತ್ತರ: ನಿಮ್ಮ ಪತ್ರ ನಾಲ್ಕು ಪುಟ ಉಂಟು. ಇಲ್ಲಿ ಅಷ್ಟನ್ನೂ ಹಾಕಲಾಗಲಿಲ್ಲ. ಅದರಲ್ಲಿ ಭಾವನ ಮಾತಿಗೆ ಎರಡು ಸಾಲು. ಆ ಸೋದರಮಾವ ಗಂಜಿ ಉಣ್ಣುತ್ತಾ ಕೂತಿರುವಾಗ ಸೊಸೆ ಬಂದು ಮನೆ ಬಿಟ್ಟು ಹೋಗುತ್ತೇನೆ ಎನ್ನುವ ದೃಶ್ಯಕ್ಕೆ ಒಂದೂವರೆ ಪುಟ! ಎಲ್ಲಿ ಊಟ ನಿಲ್ಲಿಸಬೇಕು, ಉಪ್ಪಿನಕಾಯಿ ಯಾವಾಗ ಮುಟ್ಟಬೇಕು ಎಂಬುದನ್ನೂ ಬರೆದಿದ್ದೀರಿ. ಪಾತ್ರ ಬೇಡದವರು ಇಷ್ಟೆಲ್ಲ ಬರೆಯುತ್ತಾರಾ ಮಾರಾಯ್ರೆ?

ಭಾವನಿಗೆ ಎರಡೂ ಒಂದೇ ಥರ ಕಾಣುತ್ತದೆ. ನನಗೆ ಹಾಗೆ ಅನ್ನಿಸುವುದಿಲ್ಲ. ಅಲ್ಲಿ ಹರಕು ಇಂಗ್ಲಿಷ್ ಮಾತಾಡಿ ಎಂದು ಹೇಳಿಸುತ್ತಿದ್ದರು, ಸರಿಯಾಗಿ ಮಾತಾಡಿದರೆ ಟೇಕ್ ಕಟ್ ಆಗುತ್ತಿತ್ತು ಎಂದು ನೀವೇ ಬರೆದಿದ್ದೀರಿ. 17 ವರ್ಷದಲ್ಲಿ ನೀವು ಒಮ್ಮೆಯೂ ಮನೆಮಾತಿನಲ್ಲಿ ನಟಿಸಿಲ್ಲ. ಈ ಮಾವನಿಗೆ ಹೆಸರಿದೆ, ತಂಗಿ ಇದ್ದಾಳೆ, ಸಿಟ್ಟಿದೆ, ತುಳು ಇದೆ.

ನಮ್ಮ ಮೈಸೂರಿನ ಸಾಬು ದಸ್ತಗೀರ್ ನೆನಪಾಗುತ್ತಾರೆ. ಮಹಾರಾಜರ ಆನೆ ಮಾವುತನ ಮಗ. 1937ರಲ್ಲಿ ಬಂದ ಇಂಗ್ಲಿಷ್ ಸಿನಿಮಾದಿಂದ ಹುಡುಗನಾಗಿದ್ದಾಗಲೇ ಹೆಸರಾಗಿ, ಮುಂದೆ ಹಾಲಿವುಡ್‌ಗೆ ಹೋದರು. ಆದರೂ ಬಹುಪಾಲು ಸಿಕ್ಕಿದ್ದು ಅದೇ ಕಾಡು, ಅದೇ ಆನೆ, ಅದೇ ರುಮಾಲು. 1963ರಲ್ಲಿ 39ನೇ ವಯಸ್ಸಿಗೇ ತೀರಿಕೊಂಡರು. ಭಾರತದ ಒಂದು ಸಿನಿಮಾದಲ್ಲೂ ನಟಿಸುವ ಯೋಗ ಬರಲಿಲ್ಲ. ನನಗೆ ಅದು ಅವರ ಪಾತ್ರಗಳಿಗಿಂತ ಜಾಸ್ತಿ ಬೇಸರದ ಸಂಗತಿ.

ಸಯೀದ್ ಜಾಫ್ರಿಗೆ ಆ ಯೋಗ ಬಂತು. ಬ್ರಿಟನ್ನಿನಲ್ಲಿ ನೆಲೆಸಿ 1975ರಲ್ಲಿ ಶಾನ್ ಕಾನರಿ, ಮೈಕಲ್ ಕೇನ್ ಜೊತೆ ಪೋಷಕ ಪಾತ್ರ ಮಾಡಿದ್ದ ಅವರು, 1977ರಲ್ಲಿ ಸತ್ಯಜಿತ್ ರಾಯ್ ಸಿನಿಮಾದಲ್ಲಿ ಉರ್ದು ಮಾತಾಡುವ ಲಖನೌ ಸಾಹೇಬರಾದರು. ಅದಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿಯೂ ಬಂತು. ಯಾವುದಕ್ಕೆ ಗೊತ್ತಾ? ಪೋಷಕ ನಟನಿಗೆ. ಸೈಡ್ ರೋಲಿಗೇ!

ಯಕ್ಷಗಾನ ನೋಡಿ ಬೆಳೆದವರು ನೀವು. ನಡುರಾತ್ರಿ ತೂಕಡಿಸುತ್ತಿದ್ದವರು ಹಾಸ್ಯಗಾರ ಬಂದ ಕೂಡಲೇ ಎದ್ದು ಕೂರುವುದಿಲ್ವಾ?

ಇನ್ನು ದುಡ್ಡಿನ ವಿಷಯ. ಇದರಲ್ಲಿ ಮಾತ್ರ ನಾನು ಸ್ವಲ್ಪ ಕಟು. ಮೊದಲ ತುಳು ಸಿನಿಮಾ ಬಂದದ್ದು 1971ರಲ್ಲಿ. ಇಷ್ಟು ವರ್ಷವಾದರೂ ಮಾರುಕಟ್ಟೆ ಸಣ್ಣದೇ. ನಮ್ಮ ಎರಡು ಜಿಲ್ಲೆ, ಕಾಸರಗೋಡು, ಮುಂಬೈ, ಗಲ್ಫ್‌ನ ಶೋಗಳು, ಅಷ್ಟೇ. ಇದನ್ನೇ ನಂಬಿ ಮನೆ ನಡೆಸುವ ಯೋಚನೆ ಬೇಡ. ಸಂಭಾವನೆ ಎಷ್ಟು, ಯಾವಾಗ, ಡಬ್ಬಿಂಗ್ ದಿನಗಳು ಆ ಒಂಬತ್ತರಲ್ಲಿ ಸೇರಿವೆಯಾ, ಹೋಗಿ ಬರುವ ಖರ್ಚು ಯಾರದ್ದು, ಇಷ್ಟನ್ನು ಬರವಣಿಗೆಯಲ್ಲಿ ಕೇಳಿ. ಲೆಕ್ಕದವರು ನೀವು, ನಾಚಿಕೆ ಎಂತದ್ದು? ಮುಖ್ಯವಾಗಿ, ಗಲ್ಫ್‌ನಿಂದ ಬಂದವರು ಎಂದ ಕೂಡಲೇ "ನೀವೂ ಸ್ವಲ್ಪ ದುಡ್ಡು ಹಾಕಿ ಸಾರ್" ಎಂಬ ಮಾತು ಬರಬಹುದು. ಬಂದರೆ, ಪಾತ್ರಕ್ಕೆ ಕರೆದರಾ ಪರ್ಸಿಗೆ ಕರೆದರಾ ಎಂದು ನಗುತ್ತಲೇ ಕೇಳಿ, ಎದ್ದು ಬನ್ನಿ.

ಆ ಮಾತು ಬಾರದಿದ್ದರೆ ಒಪ್ಪಿಕೊಳ್ಳಿ. ನಿಮ್ಮ ಹೆಂಡತಿ ಏನಂದರು ಎಂದು ನೀವು ಬರೆದೇ ಇಲ್ಲ. ಇವತ್ತು ರಾತ್ರಿ ಊಟದ ಹೊತ್ತಿಗೆ ಆ ಗಂಜಿಯ ದೃಶ್ಯವನ್ನು ಅವರಿಗೆ ಮಾಡಿ ತೋರಿಸಿ. ಭಾವನ ಚಿಂತೆ ಬಿಡಿ. ಸಿನಿಮಾ ಬಂದ ಮೇಲೆ ನೋಡಲಿ, ಟಿಕೆಟ್ ಅವರೇ ತೆಗೆದುಕೊಳ್ಳಲಿ.